ಕಾಲ್ನಡಿಗೆಯಲ್ಲಿ ಕಂಡ ವಿಜಯಪುರ

(ಸಂಸ್ಥೆಯ ವಾರ್ಷಿಕ ಸಮ್ಮೇಲನದಲ್ಲಿ ಹಳೆಯ ವಿದ್ಯಾರ್ಥಿಯೊಬ್ಬರು ಮಾಡಿದ ಭಾಷಣ)



ಇದೇ ಶಾಲೆಯ ಜಮಖಾನೆಯ ಮೇಲೆ ಕುಳಿತು ಅಕ್ಷರ ಕಲಿತವನು ನಾನು. ಇಂದು ಅದೇ ಶಾಲೆಯ ವೇದಿಕೆಯ ಮೇಲೆ ನಿಂತು ನಾಲ್ಕು ಮಾತು ಆಡುವ ಅವಕಾಶ ದೊರೆತುದಕ್ಕೆ ಸಂಸ್ಥೆಯ ಚಾಲಕರಿಗೆ ಋಣಿಯಾಗಿದ್ದೇನೆ. ಉಪದೇಶ ಮಾಡುವಷ್ಟು ದೊಡ್ಡವನು ನಾನಲ್ಲ. ಕಳೆದ ಮಾಗಿಯಲ್ಲಿ ನಮ್ಮ ಶಾಲೆಯ ಒಂಬತ್ತು ಮಕ್ಕಳೊಡನೆ ವಿಜಯಪುರದ ಬೀದಿಗಳಲ್ಲಿ ಎರಡು ದಿನ ನಡೆದಾಡಿದ ಸಂಗತಿಯನ್ನು ಹೇಳಬೇಕೆಂದಿದ್ದೇನೆ. ಅದರ ಜೊತೆಗೆ ನನ್ನದೇ ಒಂದು ತಪ್ಪನ್ನೂ ಒಪ್ಪಿಕೊಳ್ಳುವುದಿದೆ. ಅದು ಕೊನೆಗೆ ಬರುತ್ತದೆ.

ನಮ್ಮ ಸೊಲ್ಲಾಪುರದಿಂದ ವಿಜಯಪುರಕ್ಕೆ ನೂರು ಕಿಲೋಮೀಟರಿನಷ್ಟು ದಾರಿ. ಭೀಮಾನದಿಯನ್ನು ದಾಟಿದರೆ ಆಯಿತು. ಇಷ್ಟು ಹತ್ತಿರದ ಊರನ್ನು ನಾವೆಲ್ಲರೂ ನೋಡಿದ್ದೇವೆ ಎಂದೇ ಭಾವಿಸಿರುತ್ತೇವೆ. ನಾನೂ ಹಾಗೆಯೇ ಭಾವಿಸಿದ್ದೆ. 1978ರಲ್ಲಿ, ನಾನು ಏಳನೆಯ ಇಯತ್ತೆಯಲ್ಲಿದ್ದಾಗ, ಶಾಲೆಯ ಪ್ರವಾಸದಲ್ಲಿ ಎಂಬತ್ತು ಹುಡುಗರು ಎರಡು ಬಸ್ಸುಗಳಲ್ಲಿ ಹೋಗಿದ್ದೆವು. ಒಂದೇ ದಿನದಲ್ಲಿ ಏಳು ಸ್ಥಳಗಳು! ಇಳಿಯಿರಿ, ಸಾಲು ಹಿಡಿಯಿರಿ, ಏರಿರಿ ಎಂಬ ಕೂಗಿನಲ್ಲಿಯೇ ದಿನ ಕಳೆಯಿತು. ಮನೆಗೆ ಬಂದ ಮೇಲೆ ತಾಯಿ ಏನು ನೋಡಿದೆಯೆಂದು ಕೇಳಿದರೆ, ಗೋಲಗುಮ್ಮಟದಲ್ಲಿ ಗಂಟಲು ಹರಿಯುವಂತೆ ಕೂಗಿದೆವು ಎಂಬುದರ ಹೊರತು ಬೇರೆ ಉತ್ತರ ನನ್ನಲ್ಲಿ ಇರಲಿಲ್ಲ.

ಆದುದರಿಂದ ಈ ಸಲ ಬೇರೆ ಏರ್ಪಾಡು ಮಾಡಿದೆವು. ಒಂಬತ್ತು ಮಕ್ಕಳು, ಇಬ್ಬರು ಪಾಲಕರು, ನಾನು. ಮತ್ತು ನಮಗೆ ಊರನ್ನು ತೋರಿಸಲು, ಆ ಊರಿನಲ್ಲಿಯೇ ಹುಟ್ಟಿ ಬೆಳೆದ ಒಬ್ಬ ನಿವೃತ್ತ ಚಿತ್ರಕಲಾ ಶಿಕ್ಷಕರು. ಅವರ ನಿಬಂಧನೆಗಳು ಎರಡು ಮಾತ್ರ: ವಾಹನ ಹತ್ತಬಾರದು, ಪ್ರತಿಯೊಂದು ಸ್ಥಳದಲ್ಲಿಯೂ ಪ್ರತಿಯೊಬ್ಬರೂ ಒಂದು ಪ್ರಶ್ನೆಯನ್ನಾದರೂ ಕೇಳಬೇಕು. ಊರಿನ ಪೂರ್ವದ ಅಂಚಿನಿಂದ ಹೊರಟು ಪಶ್ಚಿಮದ ಕೋಟೆಯ ಆಚೆಗೆ ಮುಟ್ಟುವುದು ನಮ್ಮ ದಾರಿ.

ಮೊದಲನೆಯ ದಿನ ಬೆಳಗಿನ ಜಾವದಲ್ಲಿಯೇ ಗೋಲಗುಮ್ಮಟದ ಒಳಗೆ ನಿಂತೆವು. ಮಹಮ್ಮದ ಆದಿಲಶಾಹನ ಸಮಾಧಿ ಇದು. ಅವನು 1627ರಿಂದ 1656ರ ವರೆಗೆ ಆಳಿದನು. ಒಳಗಿನ ಗುಮ್ಮಟದ ವ್ಯಾಸ ಸುಮಾರು 124 ಅಡಿ; ನಡುವೆ ಒಂದು ಕಂಬವಾದರೂ ಇಲ್ಲ. ಒಬ್ಬ ಹುಡುಗ, ‘ಗುರುಗಳೇ, ಕೋಣೆ ಚೌಕವಾಗಿದೆ, ಗುಮ್ಮಟ ದುಂಡಗಿದೆ, ಒಂದರ ಮೇಲೊಂದು ಹೇಗೆ ಕುಳಿತುಕೊಂಡಿತು?’ ಎಂದು ಕೇಳಿದನು. ಶಿಕ್ಷಕರು ಉತ್ತರ ಹೇಳಲಿಲ್ಲ. ಇಬ್ಬರು ಮಕ್ಕಳ ಕರವಸ್ತ್ರಗಳನ್ನು ಇಸಿದುಕೊಂಡು, ಒಂದನ್ನು ನೆಟ್ಟಗೆ ಹಾಸಿ, ಅದರ ಮೇಲೆ ಇನ್ನೊಂದನ್ನು ಓರೆಯಾಗಿ ಹಾಸಿದರು. ಎಂಟು ಮೂಲೆಗಳ ನಕ್ಷತ್ರವಾಯಿತು. ಎರಡೂ ಕೂಡಿದ ನಡುಭಾಗ ಎಂಟು ಭುಜಗಳ ಆಕೃತಿಯಾಯಿತು. ‘ಈಗ ಮೇಲೆ ನೋಡಿರಿ’ ಎಂದರು. ಒಂದನ್ನೊಂದು ಛೇದಿಸುವ ಎಂಟು ಕಮಾನುಗಳು ಅದೇ ನಕ್ಷತ್ರವನ್ನು ಮೇಲೆ ಬರೆದಿದ್ದವು! ಚೌಕವು ಎಂಟು ಮೂಲೆಯಾಗಿ, ಎಂಟು ಮೂಲೆ ವೃತ್ತವಾಗಿ, ಆ ವೃತ್ತದ ಮೇಲೆ ಗುಮ್ಮಟ ಕುಳಿತಿದೆ. ಒಳಕ್ಕೆ ಚಾಚಿದ ಈ ಕಟ್ಟಡದ ಭಾರವೇ ಗುಮ್ಮಟವು ಗೋಡೆಗಳನ್ನು ಹೊರಕ್ಕೆ ನೂಕದಂತೆ ತಡೆಯುತ್ತದೆ. ಭೂಮಿತಿಯ ಪುಸ್ತಕದಲ್ಲಿ ನಾವು ಬೇಸರದಿಂದ ಬರೆಯುವ ಆಕೃತಿಗಳು ಅಲ್ಲಿ ಮೂರೂವರೆ ಶತಮಾನಗಳಿಗಿಂತ ಹೆಚ್ಚು ಕಾಲದಿಂದ ಭಾರ ಹೊತ್ತು ನಿಂತಿವೆ.

ಅನಂತರ ಮೂಲೆಯ ಗೋಪುರದ ಮೆಟ್ಟಿಲುಗಳನ್ನು ಹತ್ತಿ, ಗುಮ್ಮಟದ ಬುಡದಲ್ಲಿರುವ ಪಿಸುಮಾತಿನ ಮೊಗಸಾಲೆಗೆ ಹೋದೆವು. ಅಲ್ಲಿ ನಮ್ಮ ಮಕ್ಕಳಲ್ಲಿ ಯಾರೂ ಕೂಗಲಿಲ್ಲ. ಒಬ್ಬ ಹುಡುಗಿ ಗೋಡೆಗೆ ಬಾಯಿ ಹತ್ತಿಸಿ ತನ್ನ ಹೆಸರನ್ನು ಮೆಲ್ಲಗೆ ನುಡಿದಳು. ಎದುರು ಬದಿಯಲ್ಲಿ ನಿಂತ ಅವಳ ತಂದೆ ಕೈಯೆತ್ತಿ ತಾನು ಕೇಳಿದೆನೆಂದು ಸನ್ನೆ ಮಾಡಿದರು. ದುಂಡು ಗೋಡೆಯು ಶಬ್ದವನ್ನು ತನ್ನ ಗುಂಟ ಒಯ್ದು ಮುಟ್ಟಿಸುತ್ತದೆ. ಎಂಬತ್ತು ಹುಡುಗರ ಗದ್ದಲದಲ್ಲಿ ನನಗೆ ಕೇಳಿಸದೇ ಹೋದದ್ದು ಈ ಪಿಸುಮಾತು.

ಅಲ್ಲಿಂದ ಜುಮ್ಮಾ ಮಸೀದಿಗೆ ನಡೆದೆವು. 1565ರ ತಾಳಿಕೋಟೆಯ ಯುದ್ಧದ ಬಳಿಕ ಒಂದನೆಯ ಅಲಿ ಆದಿಲಶಾಹನು ಇದನ್ನು ಆರಂಭಿಸಿದನು. ಪಾದರಕ್ಷೆ ಕಳಚಿ, ಅಲ್ಲಿಯವರ ಅನುಮತಿ ಪಡೆದು ಒಳಗೆ ಹೋದೆವು. ಸಾಲು ಸಾಲು ಕಮಾನುಗಳ ಬಿಳುಪಿನ ನಡುವೆ, ಪಶ್ಚಿಮದ ಗೋಡೆಯ ಮೆಹರಾಬಿನಲ್ಲಿ ಬಂಗಾರದ ಬಣ್ಣದ ಚಿತ್ರಗಳಿವೆ. ಅವುಗಳಲ್ಲಿ ಗೂಡುಗಳನ್ನೂ, ಗೂಡುಗಳಲ್ಲಿ ಇರಿಸಿದ ಪುಸ್ತಕಗಳನ್ನೂ ಹೂದಾನಿಗಳನ್ನೂ ಬರೆದಿದ್ದಾರೆ. ಸಪಾಟು ಗೋಡೆಯ ಮೇಲಿನ ಚಿತ್ರವು ಕೈ ನೀಡಿದರೆ ಪುಸ್ತಕ ಸಿಕ್ಕೀತೆಂಬ ಭ್ರಮೆಯನ್ನು ಉಂಟುಮಾಡುತ್ತದೆ.

ದಾರಿಯಲ್ಲಿ ಮೆಹತರ ಮಹಲು ಸಿಕ್ಕಿತು. ಹೆಸರು ಮಹಲಾದರೂ ಅದು ಮಸೀದಿಯೊಂದರ ಹೆಬ್ಬಾಗಿಲು. ಅದರ ಮೊಗಸಾಲೆಯನ್ನು ಹೊತ್ತ ಕಲ್ಲಿನ ತೋಳುಗಳನ್ನು ಕಂಡು, ‘ಇದು ಕಟ್ಟಿಗೆಯಲ್ಲವೇ?’ ಎಂದು ನಮ್ಮೊಡನೆ ಬಂದಿದ್ದ ಬಡಿಗತನದ ಪಾಲಕರೊಬ್ಬರು ಕೇಳಿದರು. ಕಲ್ಲೆಂದು ತಿಳಿದಾಗ ಆ ಗೃಹಸ್ಥರು ಬಹಳ ಹೊತ್ತು ಅಲ್ಲಿಂದ ಕದಲಲಿಲ್ಲ. ಬಸ್ಸಿನಲ್ಲಿ ಬಂದಿದ್ದರೆ ಆ ಹೊತ್ತು ಅವರಿಗೆ ದೊರೆಯುತ್ತಿರಲಿಲ್ಲ.

ಎರಡನೆಯ ದಿನ ಒಳಕೋಟೆಯ ಗಗನ ಮಹಲು. 1561ರಲ್ಲಿ ಕಟ್ಟಿದ ಈ ದರಬಾರಿನ ನಡುಗಮಾನಿನ ಅಗಲ ಸುಮಾರು 60 ಅಡಿ. ಮೇಲ್ಛಾವಣಿ ಇಂದು ಇಲ್ಲ. 1686ರಲ್ಲಿ ಔರಂಗಜೇಬನು ನಗರವನ್ನು ಗೆದ್ದಾಗ, ಕೊನೆಯ ಅರಸನಾದ ತರುಣ ಸಿಕಂದರನನ್ನು ಬೆಳ್ಳಿಯ ಸಂಕೋಲೆ ತೊಡಿಸಿ ಇಲ್ಲಿಗೆ ಕರೆತಂದರೆಂದು ಹೇಳುತ್ತಾರೆ. ಸಮೀಪದಲ್ಲಿಯೇ ಎರಡನೆಯ ಅಲಿ ಆದಿಲಶಾಹನ ಪೂರ್ತಿಯಾಗದ ಸಮಾಧಿ, ಬಾರಾಕಮಾನು. 1672ರಲ್ಲಿ ಅರಸನು ತೀರಿಕೊಂಡನು. ಕಪ್ಪುಕಲ್ಲಿನ ಕಮಾನುಗಳು ಆಕಾಶದ ಕೆಳಗೆ ಹಾಗೆಯೇ ಉಳಿದವು. ‘ಮುಗಿದ ಕಟ್ಟಡ ತನ್ನ ಗುಟ್ಟನ್ನು ಗಾರೆಯ ಒಳಗೆ ಅಡಗಿಸುತ್ತದೆ, ಮುಗಿಯದ ಕಟ್ಟಡ ಪಾಠ ಹೇಳುತ್ತದೆ’ ಎಂದು ನಮ್ಮ ಮಾರ್ಗದರ್ಶಕರು ನುಡಿದರು. ಮಕ್ಕಳು ಒಂದು ಕಮಾನಿನ ಕಲ್ಲುಗಳನ್ನು ಎಣಿಸಿ ತಮ್ಮ ವಹಿಗಳಲ್ಲಿ ಅದರ ಚಿತ್ರ ಬರೆದುಕೊಂಡರು.

ಮುಂದೆ ಪಶ್ಚಿಮದ ಬುರುಜಿನ ಮೇಲೆ ಮಲಿಕ್-ಎ-ಮೈದಾನ ತೋಪು. 1549ರಲ್ಲಿ ಅಹಮದನಗರದಲ್ಲಿ ಎರಕ ಹೊಯ್ದದ್ದು. ತೂಕ ಸುಮಾರು 55 ಟನ್ನು. ಅದರ ಬಾಯಿ ಆನೆಯನ್ನು ಅಗಿಯುತ್ತಿರುವ ಮೃಗದ ಬಾಯಿಯಂತಿದೆ. ಇಂಥ ಭಯಂಕರ ಆಯುಧಕ್ಕೂ ಇಷ್ಟು ಅಂದವೇಕೆ ಎಂದು ಒಬ್ಬ ಬಾಲಕಿ ಕೇಳಿದಳು. ಶಿಕ್ಷಕರು ನಕ್ಕು, ‘ಈ ಪ್ರಶ್ನೆಗೆ ಉತ್ತರ ನನ್ನಲ್ಲಿಲ್ಲ, ನೀನು ದೊಡ್ಡವಳಾದ ಮೇಲೆ ನನಗೆ ಹೇಳು’ ಎಂದರು.

ಕೊನೆಯದು ಕೋಟೆಯ ಹೊರಗಿನ ಇಬ್ರಾಹಿಂ ರೋಜಾ. ಎರಡನೆಯ ಇಬ್ರಾಹಿಂ ಆದಿಲಶಾಹನು 1580ರಿಂದ 1627ರ ವರೆಗೆ ಆಳಿದನು. ಸಂಗೀತಪ್ರಿಯನಾದ ಈ ಸುಲ್ತಾನನು ‘ಕಿತಾಬ್-ಎ-ನವರಸ’ ಎಂಬ ಗೀತಗಳ ಗ್ರಂಥವನ್ನು ದಖ್ಖನಿಯಲ್ಲಿ ಬರೆದನು. ಅದರಲ್ಲಿ ಸರಸ್ವತಿಯ ಸ್ತುತಿಯೂ ಉಂಟು. ಜನರು ಅವನನ್ನು ಜಗದ್ಗುರುವೆಂದು ಕರೆದರು. ಒಂದೇ ಜಗತಿಯ ಮೇಲೆ ಸಮಾಧಿಯೂ ಮಸೀದಿಯೂ ಒಂದನ್ನೊಂದು ದಿಟ್ಟಿಸುತ್ತ ನಿಂತಿವೆ. ಸಮಾಧಿಯ ಕಿಟಕಿಗಳ ಕಲ್ಲುಜಾಲರಿ ಬರಿಯ ಜಾಲರಿಯಲ್ಲ. ಅಕ್ಷರಗಳನ್ನೇ ಕಲ್ಲಿನಲ್ಲಿ ಉಳಿಸಿ, ಸುತ್ತಲಿನ ಕಲ್ಲನ್ನು ಕೊರೆದು ತೆಗೆದಿದ್ದಾರೆ. ಬೆಳಕು ಆ ಅಕ್ಷರಗಳ ನಡುವಿನಿಂದ ಒಳಗೆ ಇಳಿಯುತ್ತದೆ.

ಬಂಧುಗಳೇ, ಈಗ ನನ್ನ ತಪ್ಪಿನ ಮಾತಿಗೆ ಬರುತ್ತೇನೆ.

ಗಡಿಯ ಈಚೆಗಿನ ನಮ್ಮ ಮಕ್ಕಳಿಗೆ ವಿಜಯಪುರದಲ್ಲಿ ಮೊದಲು ಸಂತೋಷ ಕೊಟ್ಟದ್ದು ಯಾವುದೆಂದು ಬಲ್ಲಿರಾ? ಅಂಗಡಿಗಳ ಹಲಗೆಗಳು! ಎತ್ತ ನೋಡಿದರೂ ಕನ್ನಡ. ಎಲ್ಲವನ್ನೂ ಗಟ್ಟಿಯಾಗಿ ಓದುತ್ತ ನಡೆಯುತ್ತಿದ್ದರು. ಗೋಲಗುಮ್ಮಟದ ಗೋಪುರದ ಮೆಟ್ಟಿಲುಗಳನ್ನು ಹತ್ತುವಾಗಲೂ ಒಬ್ಬ ಬಾಲಕಿ, ‘ಇಲ್ಲಿಯೂ ಕನ್ನಡ ಇದೆ!’ ಎಂದು ಹರ್ಷದಿಂದ ಕೂಗಿದಳು. ಗೋಡೆಯ ಮೇಲೆ ಮೊಳೆಯಿಂದ ಕೊರೆದ ಹೆಸರುಗಳು ಅವು. ಒಂದೊಂದಾಗಿ ಓದುತ್ತ ಹೋದಂತೆ ಅವಳ ದನಿ ಇಳಿಯಿತು. ಒಂದು ಹೆಸರಿನ ಕೆಳಗೆ ‘ಸೊಲ್ಲಾಪುರ, 1978’ ಎಂದಿತ್ತು. ‘ನಮ್ಮ ಊರಿನವರೂ ಹೀಗೆ ಮಾಡಿದರೇ?’ ಎಂದು ನನ್ನ ಮುಖ ನೋಡಿದಳು.

ಆ ಹೆಸರು ನನ್ನದು.

ಕೈವಾರದ ಮುಳ್ಳಿನಿಂದ ಅದನ್ನು ನಾನೇ ಕೊರೆದಿದ್ದೆ. ನಮ್ಮ ಮನೆಯಲ್ಲಿ ನನ್ನನ್ನು ಕರೆಯುತ್ತಿದ್ದ ಅಡ್ಡಹೆಸರನ್ನು ಬರೆದಿದ್ದುದರಿಂದ ಅವಳಿಗೆ ಗುರುತು ಹತ್ತಲಿಲ್ಲ. ನಾನು ಉತ್ತರ ಕೊಡದೆ ಮೆಟ್ಟಿಲು ಹತ್ತಿದೆ. ಆದರೆ ಇಬ್ರಾಹಿಂ ರೋಜಾದ ಕಿಟಕಿಯ ಎದುರು ನಿಂತಾಗ ಆ ಪ್ರಶ್ನೆ ಮತ್ತೆ ಬಂದು ಎದುರಾಯಿತು. ಅಲ್ಲಿ ಕಲ್ಲಿನಲ್ಲಿ ಅಕ್ಷರ ಬಿಡಿಸಿದ ಕೈಗಳು ತಿಂಗಳುಗಟ್ಟಲೆ ದುಡಿದಿರಬೇಕು. ಆ ಕುಶಲಿಗಳ ಹೆಸರನ್ನು ನಾವು ಅರಿಯೆವು. ಐದು ನಿಮಿಷ ಗೋಡೆ ಕೆಡಿಸಿದ ನನ್ನ ಹೆಸರು ಮಾತ್ರ ನಾಲ್ಕು ದಶಕಗಳ ಮೇಲೆಯೂ ಉಳಿದಿದೆ. 1958ರ ಪ್ರಾಚೀನ ಸ್ಮಾರಕಗಳ ಕಾಯಿದೆಯಂತೆ ಇಂಥ ಕೃತ್ಯ ಅಪರಾಧ. 2010ರ ತಿದ್ದುಪಡಿಯ ಬಳಿಕ ಎರಡು ವರ್ಷಗಳ ವರೆಗೆ ಸೆರೆವಾಸ, ಒಂದು ಲಕ್ಷ ರೂಪಾಯಿಗಳ ವರೆಗೆ ದಂಡ, ಅಥವಾ ಎರಡೂ ಆಗಬಹುದು. ಆದರೆ ಕಾಯಿದೆಗಿಂತ ಆ ಬಾಲಕಿಯ ನೋಟವೇ ನನಗೆ ಹೆಚ್ಚಿನ ಶಿಕ್ಷೆಯಾಯಿತು. ಅಂದು ಕೊಡದ ಉತ್ತರವನ್ನು ಇಂದು ಎಲ್ಲರೆದುರು ಕೊಡುತ್ತಿದ್ದೇನೆ. ಮಗಳೇ, ನೀನು ಈ ಸಭೆಯಲ್ಲಿಯೇ ಇದ್ದೀಯೆ. ಅದನ್ನು ಮಾಡಿದವನು ನಾನು.

ನೆವ ಹೇಳುವುದಿಲ್ಲ. ಆದರೆ ಕಾರಣವನ್ನು ಯೋಚಿಸಿದ್ದೇನೆ. ಎಂಬತ್ತು ಜನರ ಗುಂಪಿನಲ್ಲಿ ನಾನು ಯಾರಿಗೂ ಕಾಣಿಸುತ್ತಿರಲಿಲ್ಲ, ಆ ಕಟ್ಟಡವೂ ನನಗೆ ಕಾಣಿಸಲಿಲ್ಲ. ಕಾಣದ ವಸ್ತುವಿನ ಮೇಲೆ ಮಮತೆ ಹುಟ್ಟುವುದೆಂತು? ಈ ಸಲದ ಒಂಬತ್ತು ಮಕ್ಕಳು ಚೌಕದ ಮೇಲೆ ವೃತ್ತ ಹೇಗೆ ಕುಳಿತಿತೆಂಬುದನ್ನು ಅರಿತರು, ಕಮಾನಿನ ಕಲ್ಲು ಎಣಿಸಿದರು. ಅವರಲ್ಲಿ ಒಬ್ಬರ ಕೈಯೂ ಕೈವಾರದತ್ತ ಹೋಗಲಿಲ್ಲ. ಅದರ ಅವಶ್ಯಕತೆ ಅವರಿಗೆ ಇರಲಿಲ್ಲ.

ಪಾಲಕರಲ್ಲಿ ನನ್ನ ವಿನಂತಿ ಇಷ್ಟೇ. ಇದಕ್ಕೆ ಹೆಚ್ಚಿನ ಹಣ ಬೇಕಿಲ್ಲ. ಪುರಾತತ್ತ್ವ ಇಲಾಖೆಯ ಸ್ಮಾರಕಗಳಲ್ಲಿ ಹದಿನೈದು ವರ್ಷದೊಳಗಿನ ಮಕ್ಕಳಿಗೆ ಪ್ರವೇಶ ಶುಲ್ಕವಿಲ್ಲ. ಹತ್ತು ಹನ್ನೆರಡು ಜನ ಕೂಡಿರಿ, ಊರನ್ನು ಬಲ್ಲ ಒಬ್ಬರನ್ನು ಹುಡುಕಿರಿ, ಬಿಸಿಲೇರುವ ಮೊದಲೇ ಹೊರಡಿರಿ, ಬುತ್ತಿಯನ್ನೂ ನೀರನ್ನೂ ಕಟ್ಟಿಕೊಳ್ಳಿರಿ. ಎಲ್ಲವನ್ನೂ ನೋಡುವ ಹಟ ಬೇಡ. ನಾಲ್ಕನ್ನು ನೋಡಿದರೆ ಸಾಕು. ನಮ್ಮ ಮಕ್ಕಳು ಅಲ್ಲಿ ಮನೆಯ ಮಾತಿನಲ್ಲಿ ಕೇಳಿದರು, ಮನೆಯ ಮಾತಿನಲ್ಲಿಯೇ ಉತ್ತರ ಪಡೆದರು. ಒಬ್ಬನಾದರೂ ಪ್ರಶ್ನೆ ಕೇಳಲು ನಾಚಲಿಲ್ಲ.

ಮಕ್ಕಳೇ, ಹೆಸರು ಬರೆಯಬೇಕೆಂಬ ಆಸೆ ನಿಮಗೂ ಆದೀತು. ಆಗ ನಿಮ್ಮ ವಹಿ ತೆರೆಯಿರಿ. ಎದುರಿಗಿರುವ ಕಮಾನಿನ ಚಿತ್ರ ಬರೆಯಿರಿ. ಅದರ ಕೆಳಗೆ ನಿಮ್ಮ ಹೆಸರನ್ನೂ ಊರನ್ನೂ ದಿನಾಂಕವನ್ನೂ ಅಂದವಾದ ಕನ್ನಡ ಅಕ್ಷರಗಳಲ್ಲಿ ಬರೆಯಿರಿ. ಆ ಹೆಸರನ್ನು ಓದಿದಾಗ ಯಾರೂ ದನಿ ತಗ್ಗಿಸಬೇಕಾಗುವುದಿಲ್ಲ.

ಬರುವ ಮಾಗಿಯಲ್ಲಿ ಇನ್ನೊಂದು ತಂಡ ಹೊರಡಲಿದೆ. ನಾನೂ ಜೊತೆಗೆ ಇರುತ್ತೇನೆ. ಗೋಪುರದ ಆ ಮೆಟ್ಟಿಲಿನ ಬಳಿ ನಿಂತು, ನನ್ನ ಹೆಸರನ್ನು ನಾನೇ ಮಕ್ಕಳಿಗೆ ತೋರಿಸುತ್ತೇನೆ.