ಸೆರೆಮನೆಯಲ್ಲಿ ಹುಟ್ಟಿದ ಸೂರ್ಯನಗರ



ಕಂಪಾನೆಲ್ಲ ಎಂಬ ಇಟಲಿಯ ಸಂನ್ಯಾಸಿ 1599ರಲ್ಲಿ ಸೆರೆಯಾದನು. ಸ್ಪೇನಿನ ಆಳ್ವಿಕೆಯ ವಿರುದ್ಧ ಸಂಚು ಹೂಡಿದನೆಂಬುದು ಆರೋಪ. 1602ರಲ್ಲಿ ನೇಪಲ್ಸಿನ ಸೆರೆಮನೆಯಲ್ಲೇ ‘ಸೂರ್ಯನಗರ’ವೆಂಬ ಕಲ್ಪನೆಯ ರಾಜ್ಯವನ್ನು ಕುರಿತು ಬರೆದನು. ಏಳು ಸುತ್ತಿನ ಕೋಟೆ. ಅರಸನ ಹೆಸರೇ ಸೂರ್ಯ. ಸೂರ್ಯನನ್ನು ದೇವರ ಪ್ರತಿರೂಪವೆಂದು ಜನ ಗೌರವಿಸುವರು. ಗೋಡೆಗಳ ತುಂಬ ಲಿಪಿ, ಗಣಿತ, ಗಿಡಮೂಲಿಕೆ, ಮೀನುಗಳ ಚಿತ್ರ. ಮಕ್ಕಳು ಆಡುತ್ತ ಸುತ್ತಿಯೇ ಕಲಿಯುವರು. (ನಮ್ಮ ವಾಚನಾಲಯದ ಗೋಡೆಗಳೂ ಬರಿದಾಗಿವೆ!)

ಅಲ್ಲಿ ಯಾವ ಕಸುಬೂ ಕೀಳಲ್ಲ. ದುಡಿಮೆ ದಿನಕ್ಕೆ ನಾಲ್ಕೇ ಗಂಟೆ. ಪಾಳಿಗೆ ಓಡುವ ನಮಗೆ ನಗು ಬಂದೀತು. ಆದರೆ ಅವನ ಲೆಕ್ಕ ನೋಡಿ: ನೇಪಲ್ಸಿನಲ್ಲಿ ಕೆಲವರೇ ದುಡಿದು ಸವೆಯುವರು, ಉಳಿದವರು ಸೋಮಾರಿತನದಿಂದ ಕೆಡುವರು, ಎಲ್ಲರೂ ಹಂಚಿಕೊಂಡರೆ ಅಷ್ಟೇ ಸಾಕು. ಗಂಡುಹೆಣ್ಣಿನ ಜೋಡಿಯನ್ನೂ ಅಧಿಕಾರಿಗಳೇ ಗೊತ್ತುಮಾಡುವುದು ಮಾತ್ರ ನನಗೆ ಒಪ್ಪಿಗೆಯಿಲ್ಲ.

ಪುಸ್ತಕ 1623ರಲ್ಲಿ ಅಚ್ಚಾಯಿತು. ಆಗಲೂ ಅವನು ಸೆರೆಯಲ್ಲೇ ಇದ್ದನು.