ಗ್ರಂಥಾಲಯ ಕಟ್ಟುವ ಮುನ್ನ
(ರಜತ ಮಹೋತ್ಸವದಲ್ಲಿ ಮಾಡಿದ ಭಾಷಣ)



ಸಂಘದ ಗೋದಾಮಿನ ಮೇಲೆ ಒಂದು ಅಂತಸ್ತು ಎತ್ತಿ ಗ್ರಂಥಾಲಯ ಮಾಡೋಣವೆಂದು ಆಡಳಿತ ಮಂಡಳಿ ಯೋಚಿಸಿರುವುದು ಸಂತೋಷದ ವಿಷಯ. ಆದರೆ ಪಾಯ ನೋಡದೆ ಕೈ ಹಾಕಬೇಡಿ ಅಂತ ಕೇಳಿಕೊಳ್ಳುತ್ತೇನೆ. ಪುಸ್ತಕ ಒಂದೊಂದಾಗಿ ಹಗುರ, ಬೀರು ತುಂಬಿದರೆ ಕಲ್ಲು. ವಾಸದ ಮನೆಯ ನೆಲಕ್ಕೆ ಚದರ ಮೀಟರಿಗೆ ಸುಮಾರು 200 ಕಿಲೋ ಭಾರ ಲೆಕ್ಕ ಹಿಡಿಯುತ್ತಾರೆ. ಪುಸ್ತಕದ ಕೋಣೆಗೆ ಭಾರತೀಯ ಮಾನಕ ಕೇಳುವುದು ಸುಮಾರು 600 ಕಿಲೋ. ನಮ್ಮ ಗೋದಾಮಿನ ಗೋಡೆ ತಗಡಿನ ಮಾಡು ಹೊರಲು ಕಟ್ಟಿದ್ದು. ಅಲ್ಲದೆ ಮೆಟ್ಟಿಲು ಹತ್ತಿ ನಮ್ಮ ಅಜ್ಜಂದಿರು ಪೇಪರ್ ಓದೋಕೆ ಬರ್ತಾರೆಯೇ?

ಪಕ್ಕದ ಖಾಲಿ ಜಾಗದಲ್ಲಿ ಒಂದೇ ಕೋಣೆಯಾದರೂ ಸರಿ, ಎರಡಡಿ ಪಾಯ ಎತ್ತರಿಸಿ ಕಟ್ಟಿ. ಮೆಟ್ಟಿಲ ಜೊತೆ ಇಳಿಜಾರೂ ಇರಲಿ. ಓದುವ ಮೇಜು ಉತ್ತರದ ಕಿಟಕಿಯ ಬಳಿ. ಅಲ್ಲಿ ಬೆಳಕುಂಟು, ಝಳ ಕಡಿಮೆ. ಮುಂಗಾರು ಮಳೆ ಬಡಿಯುವುದು ನೈಋತ್ಯದಿಂದ. ಆ ಗೋಡೆಗೆ ಬೀರು ಒರಗಿಸಿದರೆ ಪುಸ್ತಕಕ್ಕೆ ಬೂಷ್ಟು ಗ್ಯಾರಂಟಿ. ಯಾವ ಗೋಡೆಯಾದರೂ ಒಂದು ಗೇಣು ಬಿಡಿ, ಗೆದ್ದಲು ಹತ್ತಿದರೆ ಕಣ್ಣಿಗಾದರೂ ಬೀಳುತ್ತದೆ.

ಗ್ರಂಥಾಲಯ ಬೆಳೆಯುವ ಜೀವವೆಂದು ಡಾ. ಎಸ್.ಆರ್. ರಂಗನಾಥನ್ 1931ರಲ್ಲೇ ತಮ್ಮ ಪಂಚಸೂತ್ರಗಳಲ್ಲಿ ಹೇಳಿದರು. ಆದ್ದರಿಂದ ಪೂರ್ವದ ಗೋಡೆಗೆ ಈಗಲೇ ಬಾಗಿಲಿನ ಲಿಂಟಲ್ ಹಾಕಿಡಿ, ಮುಂದೆ ಕೋಣೆ ಸೇರಿಸುವುದು ಸುಲಭ.

ಇನ್ನೊಂದು ಮಾತು. ಬಾಗಿಲು ಗೊಬ್ಬರ ಕೊಡುವ ಕಟ್ಟೆಯ ಕಡೆಗೆ ಬೇಡ. ಅಲ್ಲಿ ನಾವು ಗಂಡಸರು ಗುಂಪು ಕೂತಿದ್ದರೆ ಹೆಣ್ಣುಮಕ್ಕಳು ಒಳಗೆ ಕಾಲಿಡೋದಿಲ್ಲ. ಶಾಲೆಯ ದಾರಿಗೆ ಮುಖವಿರಲಿ. ನಕ್ಷೆ ಒಪ್ಪುವ ಮೊದಲು ಅವರನ್ನೂ ಕೇಳಿ.