ಕವಿಯ ಬದುಕು, ವಿಮರ್ಶಕನ ಮಾತು: ಜಾನ್ ಕೀಟ್ಸ್‌ನ ಉದಾಹರಣೆ

(ಸಂಘದ ವಿದ್ಯಾರ್ಥಿ ಸಮಾವೇಶದಲ್ಲಿ ಮಾಡಿದ ಭಾಷಣದ ಲಿಖಿತ ರೂಪ)



ಇಂಗ್ಲಿಷ್‌ನ ಹಿರಿಯ ಕವಿಗಳ ಬಗ್ಗೆ ಬಂದಿರುವ ಜೀವನ ಚರಿತ್ರೆಗಳನ್ನೂ ವಿಮರ್ಶಾ ಲೇಖನಗಳನ್ನೂ ನಾವು ಹೇಗೆ ಓದಬೇಕು ಎಂಬುದು ಇಂದಿನ ನನ್ನ ವಿಷಯ. ನಾನು ಪಾಠ ಮಾಡುವುದು ಉರ್ದು ಮತ್ತು ಕನ್ನಡ. ಆದರೂ ಈ ವಿಷಯವನ್ನು ಆರಿಸಿಕೊಂಡಿದ್ದಕ್ಕೆ ಕಾರಣವಿದೆ. ಪದವಿ ತರಗತಿಗೆ ಹೋಗುವ ನಮ್ಮ ಹುಡುಗ ಹುಡುಗಿಯರು ಕವಿಯ ಪದ್ಯಕ್ಕಿಂತ ಮೊದಲು ಗೈಡ್ ಪುಸ್ತಕದಲ್ಲಿರುವ ಕವಿ ಪರಿಚಯವನ್ನು ಬಾಯಿಪಾಠ ಮಾಡುತ್ತಾರೆ. ಆ ನಾಲ್ಕು ಸಾಲು ಎಲ್ಲಿಂದ ಬಂತು, ಬರೆದವರು ಯಾರು, ಅದು ನಿಜವೇ ಎಂದು ಕೇಳುವವರು ಕಡಿಮೆ. ಈ ಪ್ರಶ್ನೆಗಳನ್ನು ಕೇಳುವುದು ಏಕೆ ಅಗತ್ಯ ಎಂಬುದನ್ನು ಜಾನ್ ಕೀಟ್ಸ್ ಎಂಬ ಒಬ್ಬನೇ ಕವಿಯ ಉದಾಹರಣೆಯಿಂದ ತಿಳಿಸಲು ಪ್ರಯತ್ನಿಸುತ್ತೇನೆ.

ಮೊದಲು ಈ ಬಗೆಯ ಬರವಣಿಗೆಯ ಹಿನ್ನೆಲೆಯನ್ನು ಸ್ವಲ್ಪ ನೋಡೋಣ. ಇಂಗ್ಲಿಷ್‌ನಲ್ಲಿ ಕವಿಚರಿತ್ರೆಗೆ ಗಟ್ಟಿಯಾದ ರೂಪ ಕೊಟ್ಟವನು ಡಾ. ಸ್ಯಾಮ್ಯುಯಲ್ ಜಾನ್ಸನ್. ಲಂಡನ್ನಿನ ಪುಸ್ತಕ ವ್ಯಾಪಾರಿಗಳು ಕವಿಗಳ ಸಂಪುಟಗಳಿಗೆ ಮುನ್ನುಡಿ ಬರೆದುಕೊಡಲು ಕೇಳಿದಾಗ, ಅವನು 1779ರಿಂದ 1781ರ ಅವಧಿಯಲ್ಲಿ 52 ಕವಿಗಳ ಬಗ್ಗೆ ಬರೆದನು. ಮೊದಲು ಕವಿಯ ಬದುಕು, ನಂತರ ಅವನ ಸ್ವಭಾವ, ಕೊನೆಗೆ ಕಾವ್ಯದ ಬೆಲೆ ಕಟ್ಟುವುದು, ಇದು ಅವನ ಕ್ರಮ. ಇಂದಿಗೂ ನಮ್ಮ ಪಠ್ಯಪುಸ್ತಕಗಳ ಕವಿ ಪರಿಚಯಗಳು ಹೆಚ್ಚುಕಡಿಮೆ ಇದೇ ದಾರಿಯಲ್ಲಿ ಸಾಗುತ್ತವೆ. ಜಾನ್ಸನ್ ಮಹಾ ವಿದ್ವಾಂಸನಾದರೂ ಅವನಿಗೆ ತನ್ನದೇ ಆದ ಒಲವುಗಳೂ ಸಿಟ್ಟುಗಳೂ ಇದ್ದವು. ಮಿಲ್ಟನ್ನನ ರಾಜಕೀಯ ಅವನಿಗೆ ಸ್ವಲ್ಪವೂ ಹಿಡಿಸದು. ಅದರ ಬಿಸಿ ಮಿಲ್ಟನ್ನನ ಚರಿತ್ರೆಯಲ್ಲಿ ಎದ್ದು ಕಾಣುತ್ತದೆ. ವಿಮರ್ಶಕ ಎಷ್ಟೇ ದೊಡ್ಡವನಾದರೂ ಅವನೂ ಒಂದು ಕಾಲದ, ಒಂದು ಪಕ್ಷದ ಮನುಷ್ಯ ಎಂಬುದನ್ನು ಇಲ್ಲಿಯೇ ಗಮನಿಸಿರಿ.

ಈಗ ಕೀಟ್ಸ್‌ನ ಕಡೆಗೆ ಬರೋಣ. ಅವನು ಹುಟ್ಟಿದ್ದು 1795ರಲ್ಲಿ, ಲಂಡನ್ನಿನಲ್ಲಿ. ತಂದೆ ಥಾಮಸ್ ಕೀಟ್ಸ್ ಒಂದು ಛತ್ರದ ಬಳಿ ಬಾಡಿಗೆ ಕುದುರೆಗಳ ಲಾಯ ನೋಡಿಕೊಳ್ಳುತ್ತಿದ್ದನು. 1804ರಲ್ಲಿ ಕುದುರೆಯಿಂದ ಬಿದ್ದು ತಂದೆ ತೀರಿಕೊಂಡನು. 1810ರಲ್ಲಿ ತಾಯಿ ಕ್ಷಯರೋಗದಿಂದ ಸತ್ತಳು. ಹದಿನಾಲ್ಕು ವರ್ಷದ ಹುಡುಗ ಯತೀಮನಾದನು. ಪೋಷಕನಾಗಿ ನೇಮಕಗೊಂಡ ವ್ಯಾಪಾರಿ ಅವನನ್ನು ಶಾಲೆ ಬಿಡಿಸಿ, ಒಬ್ಬ ಸರ್ಜನ್ ಬಳಿ ಕೆಲಸ ಕಲಿಯಲು ಸೇರಿಸಿದನು. 1815ರಲ್ಲಿ ಕೀಟ್ಸ್ ಲಂಡನ್ನಿನ ಗೈಸ್ ಆಸ್ಪತ್ರೆಯ ವಿದ್ಯಾರ್ಥಿಯಾದನು. 1816ರಲ್ಲಿ ಔಷಧ ಕೊಡುವ ವೃತ್ತಿಗೆ ಬೇಕಾದ ಪರೀಕ್ಷೆಯನ್ನು ಪಾಸು ಮಾಡಿದನು. ಕೈಯಲ್ಲಿ ಲೈಸೆನ್ಸ್ ಇದ್ದರೂ ಕಾವ್ಯವೇ ತನ್ನ ದಾರಿ ಎಂದು ನಿರ್ಧರಿಸಿದನು. ಆಕ್ಸ್‌ಫರ್ಡ್ ಅಥವಾ ಕೇಂಬ್ರಿಜ್ ವಿದ್ಯಾರ್ಥಿ ಅವನಲ್ಲ. ಗ್ರೀಕ್ ಭಾಷೆ ಬಾರದ ಅವನು ಹೋಮರನನ್ನು ಚಾಪ್‌ಮನ್‌ನ ಇಂಗ್ಲಿಷ್ ಅನುವಾದದಲ್ಲಿ ಓದಿ ಸಂತೋಷಪಟ್ಟನು.

1818ರಲ್ಲಿ ಅವನ 'ಎಂಡಿಮಿಯನ್' ಎಂಬ ದೀರ್ಘ ಕಾವ್ಯ ಪ್ರಕಟವಾಯಿತು. ಅದೇ ವರ್ಷ ಆಗಸ್ಟ್‌ನಲ್ಲಿ ಎಡಿನ್‌ಬರೋದ 'ಬ್ಲ್ಯಾಕ್‌ವುಡ್ಸ್' ಪತ್ರಿಕೆಯಲ್ಲಿ 'ಝೆಡ್' ಎಂಬ ಗುಪ್ತನಾಮದಲ್ಲಿ ಒಂದು ವಿಮರ್ಶೆ ಬಂತು. ಅದನ್ನು ಬರೆದವನು ಜಾನ್ ಗಿಬ್ಸನ್ ಲಾಕ್‌ಹಾರ್ಟ್ ಎಂದು ವಿದ್ವಾಂಸರು ಗುರುತಿಸಿದ್ದಾರೆ. ಈ ವಿಮರ್ಶೆ ಕಾವ್ಯದ ದೋಷ ಹೇಳಿ ಸುಮ್ಮನಾಗಲಿಲ್ಲ. ಕವಿಯ ಹುಟ್ಟು, ಓದು, ವೃತ್ತಿ ಎಲ್ಲವನ್ನೂ ಗೇಲಿ ಮಾಡಿತು. ಉಪವಾಸವಿರುವ ಕವಿಯಾಗುವುದಕ್ಕಿಂತ ಉಪವಾಸವಿರುವ ಔಷಧಿಗಾರನಾಗುವುದು ಲೇಸು, ಅಂಗಡಿಗೆ ಹಿಂತಿರುಗು ಎಂಬ ಅರ್ಥದ ಉಪದೇಶವನ್ನೂ ಮಾಡಿತು. ಮುಂದಿನ ತಿಂಗಳು 'ಕ್ವಾರ್ಟರ್ಲಿ ರಿವ್ಯೂ' ಪತ್ರಿಕೆಯಲ್ಲಿ ಇನ್ನೊಂದು ಪ್ರಹಾರ ಬಿತ್ತು. ಅದರ ಲೇಖಕ ಜಾನ್ ವಿಲ್ಸನ್ ಕ್ರೋಕರ್. ನಾಲ್ಕು ಭಾಗಗಳ ಕಾವ್ಯದಲ್ಲಿ ಮೊದಲನೆಯದನ್ನು ದಾಟಿ ಮುಂದಕ್ಕೆ ಹೋಗಲು ತನ್ನಿಂದ ಆಗಲಿಲ್ಲ ಎಂದು ಅವನೇ ವಿಮರ್ಶೆಯಲ್ಲಿ ಒಪ್ಪಿಕೊಂಡಿದ್ದಾನೆ!

ಇಷ್ಟು ಕಹಿ ಏಕೆ? ಇದಕ್ಕೆ ಉತ್ತರ ಕಾವ್ಯದಲ್ಲಿ ಅಷ್ಟಾಗಿ ಇಲ್ಲ, ಆಗಿನ ರಾಜಕೀಯದಲ್ಲಿದೆ. ಕೀಟ್ಸ್‌ನ ಮೊದಲ ಪದ್ಯಗಳನ್ನು ಪ್ರಕಟಿಸಿ ಬೆನ್ನು ತಟ್ಟಿದವನು ಲೀ ಹಂಟ್ ಎಂಬ ಪತ್ರಕರ್ತ. ಯುವರಾಜನನ್ನು ಟೀಕಿಸಿದ ಅಪರಾಧಕ್ಕಾಗಿ ಹಂಟ್ 1813ರಿಂದ 1815ರವರೆಗೆ ಜೈಲಿನಲ್ಲಿದ್ದವನು. 'ಬ್ಲ್ಯಾಕ್‌ವುಡ್ಸ್' ಮತ್ತು 'ಕ್ವಾರ್ಟರ್ಲಿ' ಎರಡೂ ಟೋರಿ ಪಕ್ಷದ ಕಡೆಯ ಪತ್ರಿಕೆಗಳು. ಹಂಟ್‌ನ ಗೆಳೆಯರ ಗುಂಪಿಗೆ ಬಿದ್ದ ಪೆಟ್ಟು ಕೀಟ್ಸ್‌ಗೂ ತಗುಲಿತು.

1821ರ ಫೆಬ್ರವರಿ 23ರಂದು ಕೀಟ್ಸ್ ರೋಮ್ ನಗರದಲ್ಲಿ ಕ್ಷಯರೋಗದಿಂದ ಸತ್ತನು. ಆಗ ಅವನ ವಯಸ್ಸು 25. ಈ ಸಾವಿನ ಬಗ್ಗೆ ಒಂದು ಕಥೆ ಹುಟ್ಟಿಕೊಂಡಿತು: ವಿಮರ್ಶಕರ ಕಟು ಮಾತು ಕೇಳಿ ಎದೆಯೊಡೆದು ಕೀಟ್ಸ್ ಸತ್ತನು ಎಂದು. ಕವಿ ಶೆಲ್ಲಿ ಅದೇ ವರ್ಷ ಬರೆದ 'ಅಡೊನೈಸ್' ಎಂಬ ಶೋಕಗೀತೆಯ ಮುನ್ನುಡಿಯಲ್ಲಿ 'ಕ್ವಾರ್ಟರ್ಲಿ' ವಿಮರ್ಶೆಯೇ ರೋಗಕ್ಕೆ ಕಾರಣ ಎಂಬಂತೆ ಬರೆದನು. ಬೈರನ್ ತನ್ನ 'ಡಾನ್ ಜುವಾನ್' ಕಾವ್ಯದಲ್ಲಿ ಇದನ್ನೇ ತಮಾಷೆಯ ಮಾತಾಗಿಸಿದನು. ಗೆಳೆಯರು ಸಮಾಧಿಯ ಕಲ್ಲಿನ ಮೇಲೂ ಶತ್ರುಗಳ ದ್ವೇಷದ ಪ್ರಸ್ತಾಪ ಕೆತ್ತಿಸಿದರು. ತನ್ನ ಕಲ್ಲಿನ ಮೇಲೆ ಹೆಸರೂ ಬೇಡ ಎಂದು ಕೇಳಿಕೊಂಡಿದ್ದ ಕವಿಗೆ ಹೀಗೆ ಒಂದು ದಂತಕಥೆ ಅಂಟಿಕೊಂಡಿತು. ಇಂದಿಗೂ ಪರೀಕ್ಷೆಯ ಉತ್ತರ ಪತ್ರಿಕೆಗಳಲ್ಲಿ ಆ ಕಥೆ ಜೀವಂತವಾಗಿದೆ.

ಕಥೆ ನಿಜವೇ? ಕೀಟ್ಸ್‌ನ ಪತ್ರಗಳನ್ನು ಓದಿದರೆ ಬೇರೆಯೇ ಮನುಷ್ಯ ಕಾಣುತ್ತಾನೆ. 1818ರ ಅಕ್ಟೋಬರ್‌ನಲ್ಲಿ, ವಿಮರ್ಶೆಗಳು ಬಂದ ಮರು ತಿಂಗಳೇ, ಅವನು ತನ್ನ ಪ್ರಕಾಶಕರಿಗೆ ಬರೆದ ಪತ್ರದಲ್ಲಿ ಹೊಗಳಿಕೆಯಾಗಲಿ ತೆಗಳಿಕೆಯಾಗಲಿ ತನ್ನನ್ನು ಕ್ಷಣಕಾಲ ಮಾತ್ರ ತಟ್ಟುತ್ತದೆ, ತನ್ನ ಕೃತಿಯನ್ನು ತಾನೇ ಪರೀಕ್ಷಿಸಿದಾಗ ಆಗುವ ನೋವು ಆ ಪತ್ರಿಕೆಗಳು ಕೊಡುವ ನೋವಿಗಿಂತ ಹೆಚ್ಚು ಎಂಬ ಅಭಿಪ್ರಾಯ ವ್ಯಕ್ತಪಡಿಸಿದ್ದಾನೆ. ಅದೇ ತಿಂಗಳು ಅಮೆರಿಕದಲ್ಲಿದ್ದ ತಮ್ಮ ಜಾರ್ಜ್‌ಗೆ ಬರೆಯುತ್ತಾ, ಸತ್ತ ಮೇಲೆ ತಾನು ಇಂಗ್ಲಿಷ್ ಕವಿಗಳ ಸಾಲಿನಲ್ಲಿ ಇರುತ್ತೇನೆ ಎಂಬ ಭರವಸೆಯನ್ನೂ ತೋರಿದ್ದಾನೆ. ಆ ಹೊತ್ತಿನಲ್ಲಿ ಅವನು ಮನೆಯಲ್ಲಿ ಕಿರಿಯ ತಮ್ಮ ಟಾಮ್‌ನ ಸೇವೆ ಮಾಡುತ್ತಿದ್ದನು. ಟಾಮ್ ಡಿಸೆಂಬರ್ 1ರಂದು ಕ್ಷಯರೋಗದಿಂದಲೇ ಸತ್ತನು. ತಾಯಿಗೂ ಅದೇ ರೋಗ, ತಮ್ಮನಿಗೂ ಅದೇ ರೋಗ. ಕ್ಷಯ ಸೋಂಕಿನಿಂದ ಹರಡುತ್ತದೆ ಎಂಬುದು ಖಚಿತವಾಗಿದ್ದು 1882ರಲ್ಲಿ ರಾಬರ್ಟ್ ಕಾಖ್ ಅದರ ರೋಗಾಣುವನ್ನು ತೋರಿಸಿಕೊಟ್ಟ ನಂತರ. ಶೆಲ್ಲಿಯ ಕಾಲದಲ್ಲಿ ಅದು ಸೂಕ್ಷ್ಮ ಮನಸ್ಸಿನವರಿಗೆ ದುಃಖದಿಂದ ಬರುವ ಕಾಯಿಲೆ ಎಂದು ನಂಬುವುದು ಸುಲಭವಾಗಿತ್ತು.

ವಿಮರ್ಶೆ ಬಂದ ನಂತರ ಕೀಟ್ಸ್ ಮಾಡಿದ್ದೇನು ಎಂಬುದು ಇದಕ್ಕಿಂತ ಮುಖ್ಯ. 1819ರ ಒಂದೇ ವರ್ಷದಲ್ಲಿ ಅವನು 'ದಿ ಈವ್ ಆಫ್ ಸೇಂಟ್ ಆಗ್ನೆಸ್', ಕೋಗಿಲೆಯಂತೆ ಇರುಳಲ್ಲಿ ಹಾಡುವ ನೈಟಿಂಗೇಲ್ ಹಕ್ಕಿಯನ್ನು ಕುರಿತ ಓಡ್, ಗ್ರೀಕ್ ಪಾತ್ರೆಯನ್ನು ಕುರಿತ ಓಡ್, 'ಲೇಮಿಯಾ', ಸೆಪ್ಟೆಂಬರ್‌ನಲ್ಲಿ ಶರತ್ಕಾಲವನ್ನು ಕುರಿತ ಕವನ, ಇವೆಲ್ಲವನ್ನೂ ಬರೆದನು. ಅಂಗಡಿಗೆ ಹೋಗು ಎಂದವರಿಗೆ ಅವನು ಪತ್ರಿಕೆಯಲ್ಲಿ ಉತ್ತರ ಬರೆಯುತ್ತ ಕೂರಲಿಲ್ಲ. 'ಎಂಡಿಮಿಯನ್' ಇನ್ನೂ ಕಾಯಿ ಎಂಬುದನ್ನು ಅದರ ಮುನ್ನುಡಿಯಲ್ಲೇ ಹೇಳಿಕೊಂಡಿದ್ದ ಅವನು ತನ್ನ ಬರವಣಿಗೆಯನ್ನು ತಿದ್ದಿಕೊಂಡನು. ಆ ಕವನಗಳ ಸಂಪುಟ 1820ರಲ್ಲಿ ಹೊರಬಂತು.

ಇಷ್ಟೆಲ್ಲ ಸಂಗತಿ ನಮಗೆ ಇಂದು ತಿಳಿದಿರುವುದು ಜೀವನಚರಿತ್ರೆಕಾರರ ಶ್ರಮದಿಂದ. ಕೀಟ್ಸ್ ಸತ್ತು 27 ವರ್ಷಗಳ ನಂತರ, 1848ರಲ್ಲಿ, ರಿಚರ್ಡ್ ಮಾಂಕ್ಟನ್ ಮಿಲ್ನ್ಸ್ ಮೊದಲ ದೊಡ್ಡ ಚರಿತ್ರೆಯನ್ನು ಪತ್ರಗಳ ಸಮೇತ ಪ್ರಕಟಿಸಿದನು. ಅವನು ಕೀಟ್ಸ್‌ನನ್ನು ಕಂಡವನಲ್ಲ. ಗೆಳೆಯರು ಕಾಪಾಡಿದ್ದ ಕಾಗದಗಳನ್ನು ಸಂಗ್ರಹಿಸಿ ಬರೆದನು. ವಿಮರ್ಶೆಗೆ ಬಲಿಯಾದ ದುರ್ಬಲ ಹುಡುಗ ಎಂಬ ಚಿತ್ರವನ್ನು ಅಳಿಸಲು ಮೊದಲು ಯತ್ನಿಸಿದ ಪುಸ್ತಕ ಅದು. ಆದರೆ ಅದಕ್ಕೂ ಮಿತಿಗಳಿದ್ದವು. ಕೀಟ್ಸ್ ಪ್ರೀತಿಸಿದ ಫ್ಯಾನಿ ಬ್ರಾನ್ ಆಗ ವಿವಾಹಿತೆಯಾಗಿ ಬದುಕಿದ್ದಳು. ಪುಸ್ತಕದಲ್ಲಿ ಅವಳ ಹೆಸರಿಲ್ಲ. ಅಮೆರಿಕಕ್ಕೆ ಹೋದ ಪತ್ರಗಳಲ್ಲಿ ಹಲವು ಮಿಲ್ನ್ಸ್‌ಗೆ ಸಿಕ್ಕಿದ್ದು ಇನ್ನೊಬ್ಬರು ಮಾಡಿದ ಪ್ರತಿಗಳಾಗಿ. ಆ ಪ್ರತಿಗಳಲ್ಲಿ ಬಿಟ್ಟುಹೋದ ಭಾಗಗಳೂ ತಪ್ಪುಗಳೂ ಇದ್ದವು.

ಫ್ಯಾನಿಗೆ ಬರೆದ ಪ್ರೇಮಪತ್ರಗಳು 1878ರಲ್ಲಿ ಅಚ್ಚಾದಾಗ ಓದುಗರಲ್ಲಿ ಗದ್ದಲವೆದ್ದಿತು. ಪ್ರಸಿದ್ಧ ವಿಮರ್ಶಕ ಮ್ಯಾಥ್ಯೂ ಆರ್ನಲ್ಡ್ 1880ರ ತನ್ನ ಪ್ರಬಂಧದಲ್ಲಿ, ಇವು ಸರ್ಜನ್ ಬಳಿ ಕೆಲಸ ಕಲಿಯುವ ಹುಡುಗನಿಗೆ ತಕ್ಕ ಪತ್ರಗಳು ಎಂಬರ್ಥದಲ್ಲಿ ಮೂಗು ಮುರಿದನು. ಅದೇ ಪ್ರಬಂಧದಲ್ಲಿ ಅವನೇ ಮಾತಿನ ಸಹಜ ಸೊಗಸಿನಲ್ಲಿ ಕೀಟ್ಸ್‌ನನ್ನು ಶೇಕ್ಸ್‌ಪಿಯರನ ಜೊತೆಗೆ ನಿಲ್ಲಿಸಿದನು. ಕಾವ್ಯಕ್ಕೆ ಸಿಂಹಾಸನ, ಕವಿಯ ಕಸುಬಿಗೆ ಮಾತ್ರ ಅದೇ ಹಳೆಯ ತಾತ್ಸಾರ! ಅರವತ್ತು ವರ್ಷ ಕಳೆದರೂ 'ಬ್ಲ್ಯಾಕ್‌ವುಡ್ಸ್' ಪತ್ರಿಕೆಯ ಧ್ವನಿ ಪೂರ್ತಿ ಅಡಗಿರಲಿಲ್ಲ.

ಇಪ್ಪತ್ತನೆಯ ಶತಮಾನದಲ್ಲಿ ಕೆಲಸ ಇನ್ನಷ್ಟು ಶಿಸ್ತಿನಿಂದ ನಡೆಯಿತು. 1917ರಲ್ಲಿ ಸಿಡ್ನಿ ಕಾಲ್ವಿನ್, 1925ರಲ್ಲಿ ಅಮೆರಿಕದ ಕವಯಿತ್ರಿ ಆಮಿ ಲೊವೆಲ್ ದೊಡ್ಡ ಗ್ರಂಥಗಳನ್ನು ಬರೆದರು. 1958ರಲ್ಲಿ ಹೈಡರ್ ರಾಲಿನ್ಸ್ ಪತ್ರಗಳನ್ನು ಎರಡು ಸಂಪುಟಗಳಲ್ಲಿ ಶುದ್ಧವಾಗಿ ಸಂಪಾದಿಸಿದರು. 1963ರಲ್ಲಿ ವಾಲ್ಟರ್ ಜಾಕ್ಸನ್ ಬೇಟ್ ಮತ್ತು ಐಲೀನ್ ವಾರ್ಡ್ ಅವರ ಎರಡು ಚರಿತ್ರೆಗಳು ಒಂದೇ ವರ್ಷ ಬಂದವು. ಕವಿಯೊಬ್ಬ ಹಂತ ಹಂತವಾಗಿ ತನ್ನ ಕಲೆಯನ್ನು ಹೇಗೆ ಕಲಿಯುತ್ತಾನೆ ಎಂಬುದು ಬೇಟ್ ಅವರ ಆಸಕ್ತಿ. ಕವಿಯ ಮನಸ್ಸು ಹೇಗೆ ರೂಪುಗೊಂಡಿತು ಎಂಬುದು ವಾರ್ಡ್ ಅವರದು. 1968ರಲ್ಲಿ ರಾಬರ್ಟ್ ಗಿಟ್ಟಿಂಗ್ಸ್ ದಾಖಲೆಗಳನ್ನು ಕೆದಕಿ ವಿವರಗಳನ್ನು ಸರಿಪಡಿಸಿದರು. 1997ರಲ್ಲಿ ಆಂಡ್ರ್ಯೂ ಮೋಷನ್, 2012ರಲ್ಲಿ ನಿಕೊಲಸ್ ರೋ ಅವರ ಚರಿತ್ರೆಗಳು ಬಂದವು. ಕೀಟ್ಸ್ ಓದಿದ ಎನ್‌ಫೀಲ್ಡ್ ಶಾಲೆ ಸ್ವತಂತ್ರ ಚಿಂತನೆಯ ಒಳ್ಳೆಯ ಶಾಲೆಯಾಗಿತ್ತು ಎಂಬುದನ್ನು ರೋ ಅವರ ಸಂಶೋಧನೆ ವಿವರವಾಗಿ ತೋರಿಸಿತು. ಮುಖ್ಯೋಪಾಧ್ಯಾಯರ ಮಗ ಚಾರ್ಲ್ಸ್ ಕೌಡೆನ್ ಕ್ಲಾರ್ಕ್ ಅವನಿಗೆ ಪುಸ್ತಕ ಕೊಟ್ಟು, ಕಾವ್ಯದ ರುಚಿ ಹತ್ತಿಸಿದನು. ಶಾಲೆಯಲ್ಲಿ ಆರಂಭಿಸಿದ ವರ್ಜಿಲ್ ಮಹಾಕಾವ್ಯದ ಗದ್ಯಾನುವಾದವನ್ನು ಕೀಟ್ಸ್ ಶಾಲೆ ಬಿಟ್ಟ ಮೇಲೂ ಮುಂದುವರಿಸಿದನು. ಅವನನ್ನು ಓದಿಲ್ಲದವನೆಂದು ಕರೆದ ವಿಮರ್ಶಕರಿಗೆ ಇದಾವುದೂ ಬೇಕಾಗಿರಲಿಲ್ಲ.

ಶಿಕ್ಷಕ ಮಿತ್ರರೇ, ಕೌಡೆನ್ ಕ್ಲಾರ್ಕ್‌ನ ಹೆಸರನ್ನು ನಾವು ವಿಶೇಷವಾಗಿ ನೆನಪಿಡಬೇಕು. ಕೀಟ್ಸ್‌ನ ಎಲ್ಲ ಚರಿತ್ರೆಗಳಲ್ಲೂ ಪುಸ್ತಕ ಎರವಲು ಕೊಟ್ಟ ಒಬ್ಬ ಶಾಲಾ ಮನುಷ್ಯನಾಗಿ ಅವನು ಬಂದು ಹೋಗುತ್ತಾನೆ.

ವಿದ್ಯಾರ್ಥಿಗಳೇ, ಇನ್ನು ನೀವು ಏನು ಮಾಡಬೇಕು? ಮೊದಲು ಕವಿಯ ಕವನವನ್ನೇ ಓದಿರಿ, ಕಷ್ಟವಾದರೆ ನಿಘಂಟು ಇಟ್ಟುಕೊಂಡು ಎರಡು ಸಲ ಓದಿರಿ. ನಂತರ ವಿಮರ್ಶೆ ಹಿಡಿಯಿರಿ. ಹಿಡಿದಾಗ ನಾಲ್ಕು ಪ್ರಶ್ನೆ ಕೇಳಿರಿ. ಬರೆದವರು ಯಾರು, ಯಾವ ಪಕ್ಷದವರು? ಯಾವ ವರ್ಷದಲ್ಲಿ ಬರೆದರು? ಅವರ ಮುಂದೆ ಯಾವ ಪತ್ರ, ಯಾವ ದಾಖಲೆ ಇದ್ದವು? ಅವರು ಹೇಳದೆ ಬಿಟ್ಟಿದ್ದೇನು? ಉರ್ದು ಓದುವವರು ಆಜಾದ್‌ರ 'ಆಬ್-ಎ-ಹಯಾತ್' ಓದುವಾಗ ಅವರು ತಮ್ಮ ಗುರು ಜೌಕ್‌ರ ಕಡೆ ವಾಲಿದ್ದನ್ನು ಗಮನಿಸುತ್ತಾರೆ. ಹಾಲಿಯವರ 'ಯಾದ್‌ಗಾರ್-ಎ-ಗಾಲಿಬ್' ಓದುವಾಗ ಅವರು ಗಾಲಿಬರನ್ನು ಕಣ್ಣಾರೆ ಕಂಡವರು ಎಂಬುದನ್ನು ನೆನೆಯುತ್ತಾರೆ. ಇಂಗ್ಲಿಷ್ ಪುಸ್ತಕಕ್ಕೂ ಇದೇ ಎಚ್ಚರ ಸಾಕು. ಅಚ್ಚಿನಲ್ಲಿ ಇಂಗ್ಲಿಷ್‌ನಲ್ಲಿದೆ ಎಂಬ ಕಾರಣಕ್ಕೆ ಯಾವುದೂ ಸತ್ಯವಾಗುವುದಿಲ್ಲ. ಜಾನ್ಸನ್, ಮಿಲ್ನ್ಸ್, ಕಾಲ್ವಿನ್ ಅವರ ಪುಸ್ತಕಗಳಿಗೆ ಹಕ್ಕುಸ್ವಾಮ್ಯ ಮುಗಿದಿದ್ದು, ಇಂಟರ್ನೆಟ್ ಆರ್ಕೈವ್‌ನಲ್ಲಿ ಉಚಿತವಾಗಿ ಸಿಗುತ್ತವೆ. ಗ್ರಂಥಾಲಯ ದೂರ ಎಂಬ ನೆಪ ಈಗ ನಡೆಯದು.

ನಿಮ್ಮಲ್ಲಿ ಹಲವರು ನಿಮ್ಮ ಮನೆಯಿಂದ ಕಾಲೇಜು ಮೆಟ್ಟಿಲು ಹತ್ತಿದ ಮೊದಲಿಗರು. ಗ್ಯಾರೇಜು, ಹೊಲಿಗೆ, ಹಣ್ಣಿನ ವ್ಯಾಪಾರ ಮಾಡಿ ತಂದೆತಾಯಿ ನಿಮ್ಮನ್ನು ಓದಿಸುತ್ತಿದ್ದಾರೆ. ಸಾಹಿತ್ಯ, ಇಂಗ್ಲಿಷ್ ಎಂ.ಎ. ಇವೆಲ್ಲ ನಿಮಗೇಕೆ, ಅಂಗಡಿಯಲ್ಲಿ ಕುಳಿತುಕೊಳ್ಳಿ ಎಂದು ಹೇಳುವವರು ನಿಮಗೂ ಸಿಗಬಹುದು. ಅಂಗಡಿಯ ಕೆಲಸ ಕೀಳಲ್ಲ. ಆದರೆ ಹುಟ್ಟಿನ ಆಧಾರದ ಮೇಲೆ ಒಬ್ಬರ ಓದಿಗೆ ಮಿತಿ ಹಾಕುವ ಹಕ್ಕು ಯಾರಿಗೂ ಇಲ್ಲ. ಕುದುರೆ ಲಾಯದವನ ಮಗನಿಗೆ ಇದೇ ಮಾತು ಹೇಳಿದ ಲಾಕ್‌ಹಾರ್ಟ್‌ನನ್ನೂ ಅವನ ಕಾವ್ಯವನ್ನು ಹಳಿದ ಕ್ರೋಕರ್‌ನನ್ನೂ ಇಂದು ಬಹಳ ಜನ ನೆನೆಯುವುದು ಕೀಟ್ಸ್‌ನ ಚರಿತ್ರೆಯ ಪುಟಗಳಲ್ಲಿ ಮಾತ್ರ. ನಿಮ್ಮ ಬರವಣಿಗೆಯಲ್ಲಿ ಯಾರಾದರೂ ದೋಷ ತೋರಿಸಿದರೆ ಪರೀಕ್ಷಿಸಿ ತಿದ್ದಿಕೊಳ್ಳಿರಿ. ನಿಮ್ಮ ಹುಟ್ಟನ್ನು ತೋರಿಸಿ ಹಂಗಿಸಿದರೆ ಅದನ್ನು ವಿಮರ್ಶೆ ಎಂದು ಒಪ್ಪಬೇಡಿರಿ.